ಕೊಡಗಿನ ತೋಟದ ಮನೆಯಿಂದ ಶಾರ್ಟ್‌ವೇವ್‌ನ ಗುಟ್ಟಿನ ದನಿ ಹಿಡಿಯುವುದು ಹೇಗೆ: ಒಂದು ಸಮಗ್ರ ಮಾರ್ಗದರ್ಶಿ

ಜನವರಿ ತಿಂಗಳ ಬೆಳಗಿನ ಜಾವ, ಐದು ಮುಕ್ಕಾಲು ಗಂಟೆ. ಕಣದಲ್ಲಿ ಕಾಫಿ ಮುಚ್ಚಿದ್ದ ಟಾರ್ಪಾಲಿನ ಮೇಲೆ ಇಬ್ಬನಿ ಕೂತಿತ್ತು. ನಾನು ಜಗಲಿಯ ಮೂಲೆಯಲ್ಲಿ ಕಂಬಳಿ ಹೊದ್ದು ಕೂತಿದ್ದೆ. ಮಡಿಲಲ್ಲಿ ಅಂಗೈಗಿಂತ ಸ್ವಲ್ಪ ದೊಡ್ಡದಾದ ರೇಡಿಯೋ, ಕಿವಿಗೆ ಇಯರ್‌ಫೋನ್. ಪರದೆಯ ಮೇಲೆ 4625 ಕಿಲೋಹರ್ಟ್ಸ್. ಸುಮ್ನೆ ಸೋ ಎನ್ನುವ ಸದ್ದು. ಆಮೇಲೆ ಅದರ ಅಡಿಯಿಂದ ಮೆಲ್ಲಗೆ ಎದ್ದು ಬಂತು: ಗುಂಯ್ಯ್. ನಿಂತಿತು. ಮತ್ತೆ ಗುಂಯ್ಯ್. ಕೈಗಡಿಯಾರ ನೋಡುತ್ತಾ ಎಣಿಸಿದೆ. ನಿಮಿಷಕ್ಕೆ ಸುಮಾರು ಇಪ್ಪತ್ತೈದು ಸಲ.

ಅದು ರಷ್ಯಾದಿಂದ ಬರುವ ದನಿ. ಕೇಳುಗರು ಅದನ್ನು 'ಬಝರ್' ಅನ್ನುತ್ತಾರೆ, ಹಳೆಯ ಹೆಸರು ಯುವಿಬಿ-76. ನಲವತ್ತು ವರ್ಷಕ್ಕೂ ಜಾಸ್ತಿ ಕಾಲದಿಂದ ಹಗಲು ರಾತ್ರಿ ಹೀಗೇ ಗುಂಯ್‌ಗುಟ್ಟುತ್ತಿದೆ. ಯಾರಿಗಾಗಿ, ಯಾತಕ್ಕಾಗಿ ಎಂದು ಯಾವ ಸರ್ಕಾರವೂ ಬಾಯಿ ಬಿಟ್ಟು ಹೇಳಿಲ್ಲ. ಕೊಡಗಿನಿಂದ ಮಾಸ್ಕೋ ಕಡೆಗೆ ನೇರ ಗೆರೆ ಎಳೆದರೆ ಸುಮಾರು 5,800 ಕಿಲೋಮೀಟರ್. ಅಷ್ಟು ದೂರದಿಂದ, ನಡುವೆ ಇಂಟರ್ನೆಟ್ಟಾಗಲಿ ಉಪಗ್ರಹವಾಗಲಿ ಇಲ್ಲದೆ, ನಮ್ಮ ಜಗಲಿಗೆ ಬಂದಿತ್ತು.

ಬಹುದೂರ ಹೋಗುವ ಇಂಥ ರೇಡಿಯೋ ಅಲೆಗೆ ಶಾರ್ಟ್‌ವೇವ್ ಅನ್ನುತ್ತಾರೆ. ಅದರಲ್ಲಿ ಬರುವ ಇಂಥ ದನಿಗಳನ್ನು ನೀವೂ ಹಿಡಿಯಬಹುದು. ಅದಕ್ಕೆ ಕೊಡಗಿನ ತೋಟದ ಮನೆ ತುಂಬ ಒಳ್ಳೆಯ ಜಾಗ. ಹೇಗೆ ಅಂತ ಮೊದಲಿನಿಂದ ಹೇಳುತ್ತೇನೆ.

ದುಡ್ಡು ಹಾಕುವ ಮುಂಚೆ ಕಿವಿ ಪಳಗಿಸಿ

ಮೊದಲನೇ ದಿನವೇ ರೇಡಿಯೋ ಕೊಳ್ಳಬೇಡಿ. ನೆದರ್ಲೆಂಡ್ಸ್‌ನ ಟ್ವೆಂಟೆ ವಿಶ್ವವಿದ್ಯಾಲಯದಲ್ಲಿ ಒಂದು ರಿಸೀವರ್ ಇದೆ. 2008ರಲ್ಲಿ ಶುರುವಾದದ್ದು. ಇಂಟರ್ನೆಟ್ ಮೂಲಕ ಯಾರು ಬೇಕಾದರೂ ಅದನ್ನು ತಿರುಗಿಸಿ ಕೇಳಬಹುದು. ಇಂಥದ್ದನ್ನು ವೆಬ್‌ಎಸ್‌ಡಿಆರ್ ಅನ್ನುತ್ತಾರೆ. ಕಿವಿಎಸ್‌ಡಿಆರ್ ಎಂಬ ಇನ್ನೊಂದು ಬಗೆಯೂ ಇದೆ, ಜಗತ್ತಿನ ನೂರಾರು ಕಡೆ ಹವ್ಯಾಸಿಗಳು ಅದನ್ನು ಇಟ್ಟಿದ್ದಾರೆ. ಫೋನಿನಲ್ಲೇ ತೆರೆಯುತ್ತದೆ, ಕಾಸು ಕೊಡಬೇಕಿಲ್ಲ.

ಟ್ವೆಂಟೆಯಲ್ಲಿ 4625 ಹಾಕಿ, ಮೋಡ್ ಅನ್ನು ಯುಎಸ್‌ಬಿಗೆ (ಇದೇನೆಂದು ಮುಂದೆ ಹೇಳುತ್ತೇನೆ) ಇಟ್ಟು ಅವರ ರಾತ್ರಿ ಹೊತ್ತಿನಲ್ಲಿ ಕೇಳಿ. ಬಝರ್ ಅಲ್ಲಿ ಜೋರಾಗಿ ಬರುತ್ತದೆ. ಇದು ಮುಖ್ಯ. ದನಿ ಹೇಗಿದೆ ಎಂದು ಮೊದಲೇ ಗೊತ್ತಿದ್ದರೆ, ನಾಳೆ ನಿಮ್ಮ ರೇಡಿಯೋದಲ್ಲಿ ಅದು ಕೂದಲೆಳೆಯಷ್ಟು ಬಂದರೂ ಕಿವಿ ಹಿಡಿದುಬಿಡುತ್ತದೆ. ಪರದೆಯ ಮೇಲೆ ಸಿಗ್ನಲ್‌ಗಳು ಬಣ್ಣದ ಗೆರೆಗಳಾಗಿ ಇಳಿದು ಬರುತ್ತವೆ, ಅದಕ್ಕೆ ವಾಟರ್‌ಫಾಲ್ ಎಂದು ಹೆಸರು. ಒಂದೊಂದು ಸಿಗ್ನಲ್‌ಗೂ ಒಂದೊಂದು ಚಹರೆ ಇರುತ್ತದೆ. ಎರಡು ವಾರ ಇದನ್ನೇ ನೋಡಿ.

ಆದರೆ ಒಂದು ಮಾತು. ಟ್ವೆಂಟೆಯಲ್ಲಿ ಕೇಳಿದ್ದು ನೆದರ್ಲೆಂಡ್ಸ್‌ನ ಆಂಟೆನಾಗೆ ಬಿದ್ದದ್ದು. ಸೋಮವಾರಪೇಟೆಯ ನಿಮ್ಮ ಅಂಗಳಕ್ಕೆ ಬೀಳುವುದು ಬೇರೆಯೇ ಇರುತ್ತದೆ, ಮತ್ತು ಅದನ್ನು ನಿಮ್ಮ ತಂತಿಯಲ್ಲೇ ಹಿಡಿಯಬೇಕು.

ಯಾವ ರೇಡಿಯೋ

ಮನೆಯ ಅಟ್ಟದಲ್ಲಿ ಅಜ್ಜನ ಕಾಲದ ರೇಡಿಯೋ ಇರಬಹುದು. ರೇಡಿಯೋ ಸಿಲೋನ್ ಕೇಳಿದ ಸೆಟ್ಟು. ಅದರಲ್ಲಿ ಶಾರ್ಟ್‌ವೇವ್ ಖಂಡಿತ ಬರುತ್ತದೆ, ಆದರೆ ನಮ್ಮ ಕೆಲಸಕ್ಕೆ ಸಾಲದು. ಗುಟ್ಟಿನ ದನಿಗಳಲ್ಲಿ ಹೆಚ್ಚಿನವು ಎಸ್‌ಎಸ್‌ಬಿ (ಸಿಗ್ನಲ್‌ನ ಅರ್ಧ ಭಾಗ ಮಾತ್ರ ಕಳಿಸುವ ವಿಧಾನ) ಅಥವಾ ಮೋರ್ಸ್ (ಚುಕ್ಕೆ, ಗೆರೆಗಳ ಸಂಕೇತ). ಹಳೆಯ ಸೆಟ್ಟಿನಲ್ಲಿ ಎಸ್‌ಎಸ್‌ಬಿ ಮಾತು ಮೂಗು ಹಿಡಿದುಕೊಂಡು ಗೊಣಗಿದ ಹಾಗೆ ಕೇಳುತ್ತದೆ, ಒಂದಕ್ಷರ ತಿಳಿಯುವುದಿಲ್ಲ.

ಹಾಗಾಗಿ ಕೊಳ್ಳುವಾಗ ಒಂದೇ ಪ್ರಶ್ನೆ ಕೇಳಿ: ಎಸ್‌ಎಸ್‌ಬಿ ಇದೆಯಾ? ಟೆಕ್ಸನ್ ಪಿಎಲ್-330, ಎಕ್ಸ್‌ಎಚ್‌ಡೇಟಾ ಡಿ-808, ಇವೆರಡೂ ಸಣ್ಣ ಸೆಟ್ಟುಗಳು, ಎರಡರಲ್ಲೂ ಎಸ್‌ಎಸ್‌ಬಿ ಇದೆ. ನನ್ನದು ಪಿಎಲ್-330. ಅದಕ್ಕೆ ಹಳೇ ನೋಕಿಯಾ ಫೋನಿನ ಬಿಎಲ್-5ಸಿ ಬ್ಯಾಟರಿಯೇ ಸಾಕು, ಕುಶಾಲನಗರದ ಮೊಬೈಲ್ ಅಂಗಡಿಯಲ್ಲೂ ಸಿಗುತ್ತದೆ. ಲ್ಯಾಪ್‌ಟಾಪ್ ಇದ್ದವರು ಆರ್‌ಟಿಎಲ್-ಎಸ್‌ಡಿಆರ್ ಎಂಬ ಪೆನ್‌ಡ್ರೈವ್‌ನಂಥ ಸಾಧನ ಹಾಕಿಕೊಳ್ಳಬಹುದು. ಶಾರ್ಟ್‌ವೇವ್ ನೇರವಾಗಿ ಬರುವ ವಿ3 ಅಥವಾ ವಿ4 ಮಾದರಿಯನ್ನೇ ಕೇಳಿ ತೆಗೆದುಕೊಳ್ಳಿ. ವಾಟರ್‌ಫಾಲ್ ಮನೆಯಲ್ಲೇ ಸಿಗುತ್ತದೆ. ಆದರೆ ಲ್ಯಾಪ್‌ಟಾಪಿನ ಚಾರ್ಜರ್ ಗಲಾಟೆ ಜಾಸ್ತಿ, ಬ್ಯಾಟರಿಯಲ್ಲೇ ಓಡಿಸಬೇಕಾಗುತ್ತದೆ. ಹೊಸಬರಿಗೆ ನನ್ನ ಸಲಹೆ ಕೈರೇಡಿಯೋ. ಎಲ್ಲಿಗೆ ಬೇಕಾದರೂ ಎತ್ತಿಕೊಂಡು ಹೋಗಬಹುದು. ಯಾಕೆ ಅದು ಮುಖ್ಯ ಎಂದು ಈಗ ಹೇಳುತ್ತೇನೆ.

ಅದಕ್ಕೂ ಮುಂಚೆ ಒಂದು ಗೊಂದಲ ಕಳೆಯೋಣ. ಇಲ್ಲಿ ಯುಎಸ್‌ಬಿ ಎಂದರೆ ಚಾರ್ಜಿಂಗ್ ವೈರ್ ಅಲ್ಲ, ಸಿಗ್ನಲ್‌ನ ಮೇಲಿನ ಅರ್ಧ. ಎಲ್‌ಎಸ್‌ಬಿ ಎಂದರೆ ಕೆಳಗಿನ ಅರ್ಧ. ರೇಡಿಯೋದಲ್ಲಿ ಎರಡಕ್ಕೂ ಗುಂಡಿ ಇರುತ್ತದೆ.

ಮೊದಲು ಮನೆಯ ಸದ್ದು ಕಲಿಯಿರಿ

ಇದು ಎಲ್ಲಕ್ಕಿಂತ ದೊಡ್ಡ ಪಾಠ. ದೂರದ ದನಿಗೆ ಹೆಸರಿಡುವ ಮೊದಲು ಹತ್ತಿರದ ದನಿಗಳನ್ನೆಲ್ಲ ಒಂದೊಂದಾಗಿ ತೆಗೆದುಹಾಕಬೇಕು.

ರೇಡಿಯೋ ಹಿಡಿದ ಮೊದಲ ವರ್ಷ ನನಗೊಂದು ದನಿ ಸಿಕ್ಕಿತು. ಟಿಕ್. ಟಿಕ್. ಟಿಕ್. ಸೆಕೆಂಡಿಗೆ ಒಂದಕ್ಕಿಂತ ಸ್ವಲ್ಪ ನಿಧಾನ, ಒಂದು ಚೂರೂ ತಪ್ಪದ ತಾಳ. ಕತ್ತಲಾದ ಮೇಲೆ ಶುರು, ಬೆಳಿಗ್ಗೆ ಬಂದ್. ಮೂರು ರಾತ್ರಿ ಬರೆದಿಟ್ಟೆ. ಸ್ಟೇಷನ್ನುಗಳ ಯಾವ ಪಟ್ಟಿಯಲ್ಲೂ ಇಂಥದ್ದೊಂದು ಇರಲಿಲ್ಲ. ನಾಲ್ಕನೇ ರಾತ್ರಿ ಡಯಲ್ ತಿರುಗಿಸಿದಾಗ 4 ಮೆಗಾಹರ್ಟ್ಸ್‌ನಲ್ಲೂ (ಅಂದರೆ 4000 ಕಿಲೋಹರ್ಟ್ಸ್) ಅದೇ ಟಿಕ್, 6ರಲ್ಲೂ ಅದೇ, 9ರಲ್ಲೂ ಅದೇ. ದೂರದಿಂದ ಬರುವ ಸಿಗ್ನಲ್ ಹೀಗೆ ಎಲ್ಲ ಕಡೆ ಹರಡಿಕೊಂಡಿರುವುದಿಲ್ಲ. ಮಾರನೇ ಸಂಜೆ ರೇಡಿಯೋ ಹಿಡಿದು ತೋಟದ ಅಂಚಿಗೆ ನಡೆದೆ. ಹೆಜ್ಜೆ ಹೆಜ್ಜೆಗೂ ಟಿಕ್ ಜೋರಾಯಿತು. ಪಕ್ಕದ ತೋಟದವರು ಆನೆ ಬರದಂತೆ ಹಾಕಿದ್ದ ಸೋಲಾರ್ ಬೇಲಿ ಅದು. ಲಂಟಾನದ ಒಂದು ಹಸಿ ಕೊಂಬೆ ತಂತಿಗೆ ತಾಗಿತ್ತು. ಪ್ರತಿ ಟಿಕ್‌ಗೂ ಅಲ್ಲಿ ಸೂಜಿಮೊನೆಯಷ್ಟು ನೀಲಿ ಕಿಡಿ ಹಾರುತ್ತಿತ್ತು. ಬೇಲಿಯ ಯಂತ್ರ ಸುಮಾರು ಸೆಕೆಂಡಿಗೊಮ್ಮೆ ತಂತಿಗೆ ಜೋರು ವೋಲ್ಟೇಜು ಬಿಡುತ್ತದೆ. ಎಲ್ಲಾದರೂ ಗಿಡ ತಾಗಿ ಕಿಡಿ ಹಾರಿದರೆ, ಅಷ್ಟುದ್ದದ ಬೇಲಿಯೇ ಆಂಟೆನಾ ಆಗಿಬಿಡುತ್ತದೆ. ಪಕ್ಕದ ಮನೆಯ ಅಣ್ಣನಿಗೆ ತೋರಿಸಿದೆ. ಕಿಡಿ ಹಾರಿದರೆ ಬೇಲಿಯ ಹೊಡೆತವೂ ಕಮ್ಮಿಯಾಗುತ್ತದೆ ಅಲ್ವಾ, ಅವರೇ ಕೊಂಬೆ ಕಡಿಸಿದರು. ಆ ರಾತ್ರಿ ಟಿಕ್ ಇರಲಿಲ್ಲ.

ನೀವೂ ಹೀಗೆ ಮಾಡಿ. ಬ್ಯಾಟರಿಯಲ್ಲಿ ಓಡುವ ರೇಡಿಯೋ ಹಿಡಿದು, ಖಾಲಿ ಇರುವ ಒಂದು ಫ್ರೀಕ್ವೆನ್ಸಿಯಲ್ಲಿ ನಿಂತು, ಮನೆಯ ಮೇನ್ ಸ್ವಿಚ್ ಇಳಿಸಿ. ಸದ್ದು ದಪ್ಪನೆ ಬಿದ್ದುಹೋದರೆ ಕಳ್ಳ ಮನೆಯೊಳಗೇ ಇದ್ದಾನೆ. ಯುಪಿಎಸ್ ಅಥವಾ ಇನ್ವರ್ಟರ್ ಇದ್ದರೆ ಅದನ್ನೂ ಬಂದ್ ಮಾಡಿ, ಇಲ್ಲದಿದ್ದರೆ ಮೇನ್ ಇಳಿಸಿದ ಕೂಡಲೇ ಅದೇ ಕೂಗತೊಡಗುತ್ತದೆ. ಆಮೇಲೆ ಒಂದೊಂದೇ ಸ್ವಿಚ್ ಹಾಕುತ್ತಾ ಕೇಳಿ. ಕಡಿಮೆ ಬೆಲೆಯ ಎಲ್‌ಇಡಿ ಬಲ್ಬು ಕರಕರ ಅನ್ನುತ್ತದೆ. ಫೋನ್ ಚಾರ್ಜರ್ ಗೊರ್ ಅನ್ನುತ್ತದೆ. ಡಿಸೆಂಬರ್, ಜನವರಿಯಲ್ಲಿ ಕಾಫಿ ಹಣ್ಣಿನ ಸಿಪ್ಪೆ ಸುಲಿಯುವ ಪಲ್ಪರ್ ಓಡುವ ಹೊತ್ತಿಗೆ ಮೋಟಾರಿನ ಸದ್ದು ಇಡೀ ಬ್ಯಾಂಡನ್ನೇ ನುಂಗುತ್ತದೆ. ಪ್ರತಿಯೊಂದನ್ನೂ ಫೋನಿನಲ್ಲಿ ಅರ್ಧ ನಿಮಿಷ ರೆಕಾರ್ಡ್ ಮಾಡಿ, ಹೆಸರು ಹಾಕಿ ಇಟ್ಟುಕೊಳ್ಳಿ. ಇದೇ ನಿಮ್ಮ ಮೊದಲ ಸಂಗ್ರಹ.

ಕೊಡಗಿನವರಿಗೆ ಒಂದು ಅನುಕೂಲ ತಾನಾಗೇ ಸಿಗುತ್ತದೆ. ಕರೆಂಟು ಹೋದ ರಾತ್ರಿ. ಸುತ್ತ ಎರಡು ಮೈಲಿಯ ಬಲ್ಬು, ಮೋಟಾರು, ಚಾರ್ಜರ್ ಎಲ್ಲ ಒಟ್ಟಿಗೆ ಸುಮ್ಮನಾಗುತ್ತವೆ. ಆಗ ರೇಡಿಯೋ ಹಾಕಿ ನೋಡಿ. ಬೆಂಗಳೂರಿನ ಅಪಾರ್ಟ್‌ಮೆಂಟಿನಲ್ಲಿ ಕೂತವರಿಗೆ ಆ ನಿಶ್ಶಬ್ದ ದುಡ್ಡು ಕೊಟ್ಟರೂ ಸಿಗುವುದಿಲ್ಲ.

ತಂತಿ ಕಟ್ಟುವುದು

ರೇಡಿಯೋದ ಕಡ್ಡಿಯೇ ಸಾಕು ಎಂದುಕೊಳ್ಳಬೇಡಿ. ಹತ್ತರಿಂದ ಇಪ್ಪತ್ತು ಮೀಟರ್ ಸಾದಾ ವಯರಿಂಗ್ ತಂತಿ ತನ್ನಿ. ಒಂದು ತುದಿಗೆ ಗೇಣುದ್ದದ ಪಿವಿಸಿ ಪೈಪಿನ ತುಂಡು ಕಟ್ಟಿ, ಅದಕ್ಕೆ ನೈಲಾನ್ ಹಗ್ಗ ಕಟ್ಟಿ, ಸಿಲ್ವರ್ ಓಕ್ ಮರಕ್ಕೆ ಎಳೆಯಿರಿ. ತಂತಿ ಮರಕ್ಕೆ ನೇರ ತಾಗಬಾರದು, ಮಳೆಗಾಲದಲ್ಲಿ ಒದ್ದೆ ತೊಗಟೆ ಸಿಗ್ನಲ್ ಹೀರುತ್ತದೆ. ಹಗ್ಗವನ್ನು ಬಿಗಿದು ಕಟ್ಟಬೇಡಿ. ಗಾಳಿಗೆ ಮರ ತೂಗಿದಾಗ ತಂತಿ ತುಂಡಾಗುತ್ತದೆ. ಸ್ವಲ್ಪ ಜೋಲು ಬಿಡಿ. ಮೆಣಸು ಬಳ್ಳಿ ಹಬ್ಬಿದ ಮರ ಆದರೆ ಏಣಿ ಇಡುವಾಗ ಬಳ್ಳಿ ನೋಡಿಕೊಳ್ಳಿ. ಮರಗಸಿ ಮಾಡಲು, ಅಂದರೆ ನೆರಳು ಮರದ ಕೊಂಬೆ ಕಡಿಯಲು, ಬರುವವರಿಗೆ ಮೊದಲೇ ತಂತಿ ತೋರಿಸಿಡಿ, ಇಲ್ಲದಿದ್ದರೆ ಒಂದೇ ಕತ್ತಿಯೇಟಿಗೆ ಹೋಗುತ್ತದೆ.

ತಂತಿಯ ಇನ್ನೊಂದು ತುದಿಯನ್ನು ರೇಡಿಯೋದ ಆಂಟೆನಾ ಸಾಕೆಟ್‌ಗೆ ಹಾಕಿ. ಸಾಕೆಟ್ ಇಲ್ಲದಿದ್ದರೆ ಕಡ್ಡಿಗೆ ಕ್ಲಿಪ್ ಹಚ್ಚಿದರೂ ಆಯಿತು. ಸಿಗ್ನಲ್ ತುಂಬ ಜೋರಾಗಿ ಎಲ್ಲ ಸ್ಟೇಷನ್ನುಗಳೂ ಕಲಸಿಹೋದರೆ ಸಿಗ್ನಲ್ ತಗ್ಗಿಸುವ ಡಿಎಕ್ಸ್-ಲೋಕಲ್ ಸ್ವಿಚ್ಚನ್ನು ಲೋಕಲ್‌ಗೆ ಇಡಿ. ಮನೆಯೊಳಗೆ ತಂತಿ ಹೆಚ್ಚು ಓಡಿಸಬೇಡಿ, ಗಲಾಟೆ ಅಲ್ಲೇ ಅಂಟಿಕೊಳ್ಳುವುದು.

ಮೂರು ಮಾತು ಮರೆಯಬೇಡಿ. ಕರೆಂಟ್ ಲೈನಿನ ಮೇಲೆ, ಕೆಳಗೆ, ಪಕ್ಕದಲ್ಲಿ ಎಲ್ಲೂ ತಂತಿ ಹಾಯಬಾರದು. ಅದು ಹರಿದು ಲೈನಿಗೆ ಬಿದ್ದರೆ ಜೀವ ಹೋಗುತ್ತದೆ. ಎರಡನೆಯದು ಸಿಡಿಲು. ಏಪ್ರಿಲ್, ಮೇ ತಿಂಗಳ ಮಧ್ಯಾಹ್ನ ಮೋಡ ಕಟ್ಟಿತು ಎಂದರೆ ರೇಡಿಯೋದಿಂದ ತಂತಿ ಕಿತ್ತು ಹೊರಗೆ ಎಸೆಯಿರಿ. ಗುಡುಗು ಕೇಳುವವರೆಗೆ ಕಾಯಬೇಡಿ. ರೇಡಿಯೋದಲ್ಲಿ ಚಟ್, ಚಟ್ ಎಂಬ ಸದ್ದು ಹೆಚ್ಚುತ್ತಾ ಬಂದರೆ ಅದೇ ಮುನ್ಸೂಚನೆ. ಮೂರನೆಯದು ಆನೆ. ರಾತ್ರಿ ಹೊತ್ತು ಸಿಗ್ನಲ್ ಹುಡುಕಿಕೊಂಡು ತೋಟದೊಳಗೆ ಹೋಗಬೇಡಿ, ಕಿವಿಗೆ ಇಯರ್‌ಫೋನ್ ಹಾಕಿಕೊಂಡಂತೂ ಬೇಡವೇ ಬೇಡ. ಜಗಲಿಯಲ್ಲಿ ಕೂತೇ ಕೇಳಿ.

ಗಡಿಯಾರ ಮತ್ತು ಕತ್ತಲೆ

ಶಾರ್ಟ್‌ವೇವ್ ಲೋಕದ ಗಡಿಯಾರ ಯುಟಿಸಿ, ಅಂದರೆ ಜಗತ್ತಿಗೆಲ್ಲ ಒಂದೇ ಆದ ಸಮಯ. ನಮ್ಮ ಸಮಯದಿಂದ ಐದೂವರೆ ಗಂಟೆ ಕಳೆದರೆ ಯುಟಿಸಿ. ರಾತ್ರಿ 9:30 ಆದರೆ ಯುಟಿಸಿ 16:00. ಒಂದು ಹಳೇ ಕೈಗಡಿಯಾರವನ್ನು ಯುಟಿಸಿಗೆ ಇಟ್ಟು ರೇಡಿಯೋ ಪಕ್ಕ ಇಟ್ಟುಬಿಡಿ. ಬೆಳಗಿನ ಜಾವ ನಿದ್ದೆಗಣ್ಣಿನಲ್ಲಿ ಲೆಕ್ಕ ತಪ್ಪುವುದು ಬೇಡ.

ಅಲೆ ಅಷ್ಟು ದೂರ ಹೇಗೆ ಬರುತ್ತದೆ? ನೆತ್ತಿಯ ಮೇಲೆ ನೂರಾರು ಕಿಲೋಮೀಟರ್ ಎತ್ತರದಲ್ಲಿ ಅಯಾನುಗೋಳ ಇದೆ. ಬಿಸಿಲಿಗೆ ಅಲ್ಲಿನ ಗಾಳಿಯ ಕಣಗಳು ವಿದ್ಯುತ್ ತುಂಬಿಕೊಳ್ಳುತ್ತವೆ. ಮೇಲಿನ ಎಫ್ ಪದರ ಅಲೆಯನ್ನು ಕೆಳಕ್ಕೆ ತಿರುಗಿಸುತ್ತದೆ. ಕೆಳಗಿನ ಡಿ ಪದರ ಹಗಲಲ್ಲಿ ಮಾತ್ರ ಇರುತ್ತದೆ, ಅದು ಕಡಿಮೆ ಫ್ರೀಕ್ವೆನ್ಸಿಯನ್ನೆಲ್ಲ ಕುಡಿದುಬಿಡುತ್ತದೆ. ಸೂರ್ಯ ಮುಳುಗಿದ ಸ್ವಲ್ಪ ಹೊತ್ತಿಗೆ ಡಿ ಪದರ ಕರಗಿಹೋಗುತ್ತದೆ. ಆಗ 3ರಿಂದ 8 ಮೆಗಾಹರ್ಟ್ಸ್ ಜೀವ ಪಡೆಯುತ್ತದೆ. ಹಗಲಿಗೆ 10ರಿಂದ ಮೇಲೆ, ರಾತ್ರಿಗೆ 8ರಿಂದ ಕೆಳಗೆ. ಅಂದಾಜಿಗೆ ಇಷ್ಟು ಸಾಕು.

ಈಗ ಬಝರ್‌ನ ಲೆಕ್ಕ ನೋಡಿ. 4625 ಇಲ್ಲಿಗೆ ಬರಬೇಕಾದರೆ ಮಾಸ್ಕೋದಿಂದ ಕೊಡಗಿನವರೆಗೆ ದಾರಿ ಪೂರ್ತಿ ಕತ್ತಲಿರಬೇಕು. ಡಿಸೆಂಬರ್ ಕೊನೆಯಲ್ಲಿ ಮಾಸ್ಕೋದಲ್ಲಿ ಸಂಜೆ ನಾಲ್ಕಕ್ಕೇ ಸೂರ್ಯ ಮುಳುಗುತ್ತಾನೆ, ಅಂದರೆ ನಮ್ಮ ಆರೂವರೆ. ನಮಗೂ ಅಷ್ಟೊತ್ತಿಗೆ ಕತ್ತಲು. ಬೆಳಿಗ್ಗೆ ನಮಗೆ ಬೆಳಕು ಹರಿಯುವಾಗ ಅಲ್ಲಿನ್ನೂ ನಡುರಾತ್ರಿ ಕಳೆದು ನಾಲ್ಕು ಗಂಟೆ. ಹಾಗಾಗಿ ಚಳಿಗಾಲದಲ್ಲಿ ಇಡೀ ರಾತ್ರಿ ಅವಕಾಶ ಇದೆ. ಜೂನ್‌ನಲ್ಲಿ ಮಾಸ್ಕೋದ ಸೂರ್ಯ ಮುಳುಗುವುದೇ ನಮ್ಮ ರಾತ್ರಿ ಹನ್ನೆರಡಕ್ಕೆ ಹತ್ತಿರ. ಜೊತೆಗೆ ನಮ್ಮ ಮುಂಗಾರಿನ ಸಿಡಿಲು. ಆಗ ಪ್ರಯತ್ನ ಪಟ್ಟರೂ ಸಿಗುವುದು ಕಷ್ಟ. ನವೆಂಬರಿಂದ ಫೆಬ್ರವರಿ, ಅದರಲ್ಲೂ ನಮ್ಮ ಸೂರ್ಯೋದಯಕ್ಕೆ ಮುಂಚಿನ ಒಂದು ಗಂಟೆ. ಆ ಹೊತ್ತನ್ನು ಬಿಡಬೇಡಿ.

ಮೊದಲ ವಾರ: ಗೊತ್ತಿರುವ ದನಿಗಳು

ಶುರುವಿಗೇ ಗುಟ್ಟಿನ ಬೇಟೆಗೆ ಹೋದರೆ ನಿರಾಸೆ ಆಗುತ್ತದೆ. ಯಾರು, ಎಲ್ಲಿ, ಯಾವಾಗ ಎಂದು ಗೊತ್ತಿರುವ ದನಿಗಳಿಂದ ಕೈ ಪಳಗಲಿ.

10000 ಕಿಲೋಹರ್ಟ್ಸ್ ಹಾಕಿ. ಟಿಕ್ ಟಿಕ್ ಎಂದು ಸೆಕೆಂಡು ಎಣಿಸುವ ದನಿ ಬಂದರೆ ಅದು ಚೀನಾದ ಬಿಪಿಎಂ, ಸಮಯ ಹೇಳುವ ಸ್ಟೇಷನ್. 29 ಮತ್ತು 59ನೇ ನಿಮಿಷದಲ್ಲಿ ಮೋರ್ಸ್‌ನಲ್ಲಿ ತನ್ನ ಹೆಸರು ಹೇಳುತ್ತದೆ, ಹೆಣ್ಣುದನಿಯ ಚೀನೀ ಪ್ರಕಟಣೆಯೂ ಇರುತ್ತದೆ. ರಾತ್ರಿಗೆ 5000ದಲ್ಲೂ ಹುಡುಕಿ. 9996ರಲ್ಲಿ ಮಾಸ್ಕೋದ ಆರ್‌ಡಬ್ಲ್ಯುಎಂ ಇದೆ, ಅದೂ ಸಮಯದ್ದೇ. ಇದು ಬಹಳ ಉಪಯೋಗದ ಸ್ಟೇಷನ್. ಅದು ಚೆನ್ನಾಗಿ ಕೇಳಿದ ದಿನ ರಷ್ಯಾದ ದಾರಿ ತೆರೆದಿದೆ ಎಂದು ತಿಳಿಯುತ್ತದೆ.

ಆಮೇಲೆ 6676 ಕಿಲೋಹರ್ಟ್ಸ್, ಯುಎಸ್‌ಬಿ. ಗಂಟೆಯ 25 ಅಥವಾ 55ನೇ ನಿಮಿಷ. ಮುಂಬೈನಿಂದ ವಿಮಾನಗಳಿಗೆ ಹವಾಮಾನ ಓದುತ್ತಾರೆ, ಇದಕ್ಕೆ ವೋಲ್ಮೆಟ್ ಎಂದು ಹೆಸರು. 20 ಮತ್ತು 50ಕ್ಕೆ ಅದೇ ಜಾಗದಲ್ಲಿ ಸಿಂಗಾಪುರ. ಒಂದೇ ಸಮನೆ ಇಂಗ್ಲಿಷಿನಲ್ಲಿ ಅಂಕಿ ಓದುವುದನ್ನು ಮೊದಲ ಸಲ ಕೇಳಿದವರು ಗೂಢಚಾರರ ಸಂದೇಶ ಸಿಕ್ಕಿತು ಎಂದು ನಂಬುತ್ತಾರೆ. ಗಾಳಿ, ಉಷ್ಣಾಂಶ, ಮೋಡದ ಎತ್ತರ, ಅಷ್ಟೇ. ಎಸ್‌ಎಸ್‌ಬಿ ಟ್ಯೂನ್ ಮಾಡುವುದನ್ನು ಕಲಿಯಲು ಇದಕ್ಕಿಂತ ಒಳ್ಳೆಯ ಪಾಠ ಇಲ್ಲ. ಸಣ್ಣ ಗುಂಡಿಯನ್ನು ಹತ್ತು ಹರ್ಟ್ಸ್ ಹತ್ತು ಹರ್ಟ್ಸ್ ತಿರುಗಿಸುತ್ತಾ, ಕೀರಲು ದನಿ ಮನುಷ್ಯರ ದನಿಯಾಗುವವರೆಗೆ ತನ್ನಿ.

7000ದಿಂದ 7200ರವರೆಗೆ ಎಲ್‌ಎಸ್‌ಬಿಯಲ್ಲಿ ಬೆಳಿಗ್ಗೆ ಹ್ಯಾಮ್‌ಗಳು, ಅಂದರೆ ಲೈಸೆನ್ಸ್ ಪಡೆದ ಹವ್ಯಾಸಿ ರೇಡಿಯೋದವರು, ಮಾತಾಡುತ್ತಿರುತ್ತಾರೆ. ಕರೆಹೆಸರು ವಿಯು ಎಂದು ಶುರುವಾದರೆ ನಮ್ಮ ದೇಶದವರು. ಕನ್ನಡವೂ ಕೇಳಬಹುದು.

ಈಗ ಗುಟ್ಟಿನ ದನಿಗಳು

ಬಝರ್‌ನಿಂದಲೇ ಶುರು ಮಾಡೋಣ. 4625, ಯುಎಸ್‌ಬಿ. ಒಂದು ಸೆಕೆಂಡಿಗಿಂತ ಸ್ವಲ್ಪ ಉದ್ದದ ಗುಂಯ್, ಅಷ್ಟೇ ಬಿಡುವು. ಯಾವಾಗಲೋ ಒಮ್ಮೆ ಗುಂಯ್ ನಿಂತು ರಷ್ಯನ್ ಗಂಡಸಿನ ದನಿ ಬರುತ್ತದೆ. ಕರೆಹೆಸರು, ಕೆಲವು ಅಂಕಿ, ಒಂದು ಪದ, ಮತ್ತೆ ಅಂಕಿ. ಅಕ್ಷರಗಳನ್ನು ಮನುಷ್ಯರ ಹೆಸರಲ್ಲಿ ಹೇಳುತ್ತಾರೆ: ಮಿಖಾಯಿಲ್, ದಿಮಿತ್ರಿ, ಝೆನ್ಯಾ, ಬೊರಿಸ್. ಈ ನಾಲ್ಕು ಹೆಸರಿನ ಮೊದಲಕ್ಷರಗಳೇ 2010ರಲ್ಲಿ ಬಂದ ಅದರ ಹೊಸ ಕರೆಹೆಸರು, ಆಮೇಲೆ ಅದೂ ಬದಲಾಗಿದೆ. ಕೆಲವೊಮ್ಮೆ ಗುಂಯ್ ಹಿಂದೆ ಜನ ಮಾತಾಡುವುದು, ಏನೋ ಸರಿಯುವುದು ಕೇಳುಗರಿಗೆ ಕೇಳಿಸಿದೆ. ಗುಂಯ್ ಮಾಡುವ ಯಂತ್ರದ ಮುಂದೆ ಮೈಕ್ ತೆರೆದೇ ಇರಬಹುದು ಎಂದು ಅದರಿಂದ ಊಹಿಸಿದರು. ಸೈನ್ಯದ ಆಜ್ಞೆ ಕಳಿಸುವ ಜಾಲ, ಉಳಿದ ಹೊತ್ತು ಫ್ರೀಕ್ವೆನ್ಸಿ ಹಿಡಿದಿಟ್ಟುಕೊಳ್ಳಲು ಗುಂಯ್: ಹೆಚ್ಚಿನ ಕೇಳುಗರು ಒಪ್ಪುವ ವಿವರಣೆ ಇದು. ನನಗೂ ಇದೇ ಸರಿ ಅನ್ನಿಸುತ್ತದೆ. ಇದು ಅಣುಬಾಂಬು ಹಾರಿಸುವ ವ್ಯವಸ್ಥೆಯದ್ದು ಎಂಬ ಕತೆಗಳನ್ನೆಲ್ಲ ನಾನು ನಂಬುವುದಿಲ್ಲ. ಇದರ ತಮ್ಮನಂಥ ಇನ್ನೊಂದಿದೆ, 'ಪಿಪ್'. ಹಗಲು 5448, ರಾತ್ರಿ 3756. ಅದು ಇನ್ನೂ ಕಷ್ಟ.

ಅದಕ್ಕಿಂತ ಸುಲಭವಾದದ್ದು ಒಂದಕ್ಷರದ ಸ್ಟೇಷನ್ನುಗಳು. 7039 ಕಿಲೋಹರ್ಟ್ಸ್ ಹತ್ತಿರ ಯುಎಸ್‌ಬಿಯಲ್ಲಿ 7038ಕ್ಕೆ ಇಟ್ಟು ಸಂಜೆ ಕಾಯಿರಿ. ಒಂದೇ ಮೋರ್ಸ್ ಅಕ್ಷರ, ಮತ್ತೆ ಮತ್ತೆ, ಬೇರೇನೂ ಇಲ್ಲ. ಎರಡು ಉದ್ದ ಗೆರೆ ಬಂದರೆ ಎಂ, ಅದು ಮಗದಾನ್. ಗೆರೆ, ಚುಕ್ಕೆ, ಗೆರೆ ಬಂದರೆ ಕೆ, ಕಮ್ಚಾಟ್ಕಾದ ಪೆಟ್ರೊಪಾವ್ಲೊವ್ಸ್ಕ್. ಚುಕ್ಕೆ, ಚುಕ್ಕೆ, ಗೆರೆ, ಚುಕ್ಕೆ ಬಂದರೆ ಎಫ್, ವ್ಲಾದಿವೊಸ್ಟಾಕ್. ರಷ್ಯಾದ ನೌಕಾಪಡೆಯವು. ಯಾವ ದಾರಿ ಈಗ ತೆರೆದಿದೆ ಎಂದು ಹಡಗಿನವರಿಗೆ ತಿಳಿಯಲಿ ಎಂದು ಇಟ್ಟದ್ದು ಎನ್ನುವುದು ಕೇಳುಗರ ಲೆಕ್ಕಾಚಾರ. 10872, 13528, 16332ರ ಸುತ್ತಲೂ ಇದೇ ಗುಂಪು ಇರುತ್ತದೆ.

ಇನ್ನು ಅಂಕಿ ಓದುವ ಸ್ಟೇಷನ್ನುಗಳು, ಗೂಢಚಾರರಿಗೆ ಗುಪ್ತಸಂದೇಶ ಕಳಿಸುವವು ಎನ್ನುತ್ತಾರೆ. ಅವುಗಳಲ್ಲಿ ನಮಗೆ ಹತ್ತಿರದ್ದೊಂದು ತೈವಾನಿನದು. ಸುಮಾರು 5,000 ಕಿಲೋಮೀಟರ್. ಮೊದಲು ಕೊಳಲಿನ ಸಂಗೀತ, ಆಮೇಲೆ ಹೆಣ್ಣುದನಿ ಚೀನೀ ಭಾಷೆಯಲ್ಲಿ ನಾಲ್ಕು ನಾಲ್ಕು ಅಂಕಿ ಓದುತ್ತದೆ. 8300, 11430, 13750ರಲ್ಲಿ, ಸಾದಾ ಎಎಂ ಮೋಡ್‌ನಲ್ಲೇ ಹುಡುಕಿ. ಕೇಳುಗರ ಪಟ್ಟಿಯಲ್ಲಿ ಇದರ ಗುರುತು ವಿ13. ಈ ಗುರುತಿಡುವ ಪದ್ಧತಿ ತಂದದ್ದು 1993ರಲ್ಲಿ ಶುರುವಾದ ಎನಿಗ್ಮಾ ಎಂಬ ಹವ್ಯಾಸಿಗಳ ಕೂಟ: ಇಂಗ್ಲಿಷ್ ಆದರೆ ಇ, ಜರ್ಮನ್ ಜಿ, ರಷ್ಯನ್‌ನಂಥ ಸ್ಲಾವ್ ಭಾಷೆಗಳಿಗೆ ಎಸ್, ಇತರ ಭಾಷೆಗಳಿಗೆ ವಿ, ಮೋರ್ಸ್‌ಗೆ ಎಂ. ಇವತ್ತು ಯಾವ ಸ್ಟೇಷನ್ ಎಷ್ಟೊತ್ತಿಗೆ ಎಲ್ಲಿ ಎಂದು ಪ್ರಿಯೋಮ್ ಎಂಬ ತಾಣದವರು ದಿನವೂ ಪಟ್ಟಿ ಹಾಕುತ್ತಾರೆ. ಕೂರುವ ಮುಂಚೆ ಅದನ್ನೊಮ್ಮೆ ನೋಡಿ.

ಅಂಕಿ ಕೇಳಿ ಏನು ಅರ್ಥ ಎಂದು ತಲೆ ಕೆಡಿಸಿಕೊಳ್ಳುವವರಿಗೆ ಒಂದು ಲೆಕ್ಕ ತೋರಿಸುತ್ತೇನೆ. ರೇಡಿಯೋ 27419 ಎಂದು ಓದಿತು ಎನ್ನಿ. ಕೇಳಬೇಕಾದವನ ಹತ್ತಿರ ಒಂದು ಚೀಟಿ ಇದೆ, ಅದರಲ್ಲಿ 58306. ಒಂದೊಂದು ಅಂಕಿಯನ್ನೂ ಬೇರೆ ಬೇರೆ ಕಳೆಯುತ್ತಾನೆ, ದಶಕ ಎರವಲು ಇಲ್ಲ, ಸಾಲದಿದ್ದರೆ ಹತ್ತು ಸೇರಿಸುತ್ತಾನೆ. ಎರಡರಲ್ಲಿ ಐದು ಹೋಗುವುದಿಲ್ಲ, ಹನ್ನೆರಡರಲ್ಲಿ ಐದು ಕಳೆದರೆ ಏಳು. ಹೀಗೆ ಮುಂದುವರಿದರೆ 79113. ಅದನ್ನು ಅಕ್ಷರಕ್ಕೆ ತಿರುಗಿಸಿ ಓದಿ, ಚೀಟಿ ಸುಟ್ಟುಹಾಕುತ್ತಾನೆ. ಚೀಟಿಯ ಅಂಕಿಗಳಿಗೆ ಯಾವ ಕ್ರಮವೂ ಇಲ್ಲದೆ, ಚೀಟಿ ಒಂದೇ ಸಲ ಬಳಕೆಯಾದರೆ, ಅದಿಲ್ಲದವರು ಬಿಡಿಸುವುದು ಸಾಧ್ಯವೇ ಇಲ್ಲ. ಕ್ಲಾಡ್ ಶಾನನ್ ಗಣಿತದಿಂದಲೇ ಇದನ್ನು ಸಾಧಿಸಿ 1949ರಲ್ಲಿ ಪ್ರಕಟಿಸಿದರು. 1940ರ ದಶಕದಲ್ಲಿ ಸೋವಿಯತ್‌ನವರು ಒಂದೇ ಚೀಟಿಯನ್ನು ಎರಡು ಸಲ ಬಳಸಿ ಸಿಕ್ಕಿಬಿದ್ದರು, ಅಮೆರಿಕದವರು ಕೆಲವು ಸಂದೇಶ ಓದಿಬಿಟ್ಟರು. ತಪ್ಪಾದದ್ದು ಚೀಟಿ ತಯಾರಿಸಿದವರಿಂದ, ವಿಧಾನದಿಂದಲ್ಲ.

ಇದು ಬರೀ ಹಳೇ ಕತೆಯೂ ಅಲ್ಲ. ಅಮೆರಿಕದ ರಕ್ಷಣಾ ಗುಪ್ತಚರ ಸಂಸ್ಥೆಯಲ್ಲಿದ್ದ ಆನಾ ಮಾಂಟೆಸ್ ಎಂಬಾಕೆ 2001ರಲ್ಲಿ ಬಂಧನವಾದಾಗ, ಕ್ಯೂಬಾದಿಂದ ಆಕೆಗೆ ಆದೇಶ ಬರುತ್ತಿದ್ದದ್ದು ಅಂಗಡಿಯಲ್ಲಿ ಸಿಗುವ ಸಾದಾ ಶಾರ್ಟ್‌ವೇವ್ ರೇಡಿಯೋ ಮೂಲಕ ಎಂದು ಹೊರಬಂತು. ಫೋನ್, ಮೇಲ್ ಎಲ್ಲಕ್ಕೂ ಜಾಡು ಉಳಿಯುತ್ತದೆ. ರೇಡಿಯೋ ಯಾರು ಕೇಳಿದರು ಎನ್ನುವುದಕ್ಕೆ ಜಾಡೇ ಇಲ್ಲ. ಅಂಕಿಗಳು ಬರುವಾಗ ನನ್ನ ಮೈ ಜುಂ ಅನ್ನುವುದು ಇದಕ್ಕೇ. ಈ ಹೊತ್ತಿಗೆ ಇನ್ನೆಲ್ಲೋ ಒಂದು ಕೋಣೆಯಲ್ಲಿ ಒಬ್ಬರು ಪೆನ್ಸಿಲ್ ಹಿಡಿದು ಇದನ್ನೇ ಬರೆದುಕೊಳ್ಳುತ್ತಿರಬಹುದು.

ಇನ್ನೆರಡು ಬಗೆ. ರೇಡಿಯೋ ತಿರುಗಿಸುವಾಗ ಗರ್ರ್ ಎಂದು ಹತ್ತಿಪ್ಪತ್ತು ಕಿಲೋಹರ್ಟ್ಸ್ ಅಗಲಕ್ಕೆ ಆವರಿಸಿ, ಇದ್ದಕ್ಕಿದ್ದಂತೆ ಬೇರೆ ಕಡೆಗೆ ಹಾರುವ ಸದ್ದು ಬಂದರೆ ಅದು ದೂರದ ವಿಮಾನ, ಹಡಗು ನೋಡುವ ರೇಡಾರ್. ಇಂಥದ್ದರಲ್ಲಿ ತುಂಬ ಹೆಸರಾದದ್ದು ಚೆರ್ನೋಬಿಲ್ ಹತ್ತಿರದ ದುಗಾ. 1976ರಿಂದ 1989ರವರೆಗೆ ಸೆಕೆಂಡಿಗೆ ಹತ್ತು ಏಟಿನಂತೆ ಟಕಟಕ ಕುಟ್ಟುತ್ತಿತ್ತು, ಜಗತ್ತಿನ ಕೇಳುಗರು 'ರಷ್ಯಾದ ಮರಕುಟಿಗ' ಎಂದರು. ನಮ್ಮ ಕೊಡಗಿನ ಬಾಳೆಲೆ ಎಂಬ ಊರಿನ ತೋಟದಲ್ಲಿ ನಿಜವಾದ ಮರಕುಟಿಗ ಕುಟ್ಟುವುದನ್ನು ಕೇಳಿದವರಿಗೆ ಆ ಹೆಸರು ಎಷ್ಟು ಸರಿ ಎಂದು ಗೊತ್ತಾಗುತ್ತದೆ.

ಇನ್ನೊಂದು ಜ್ಯಾಮಿಂಗ್, ಅಂದರೆ ದನಿಯ ಮೇಲೆ ದನಿ ಹಾಕಿ ಮುಚ್ಚುವುದು. ಕುಶಾಲನಗರ ದಾಟಿದರೆ ಬೈಲಕುಪ್ಪೆ, ಅಲ್ಲಿ ಟಿಬೆಟಿಯನ್ನರ ದೊಡ್ಡ ನೆಲೆ. 1996ರಿಂದ ವಾಯ್ಸ್ ಆಫ್ ಟಿಬೆಟ್ ಎಂಬ ಸ್ಟೇಷನ್ ಟಿಬೆಟಿಯನ್ ಭಾಷೆಯಲ್ಲಿ ಶಾರ್ಟ್‌ವೇವ್ ಪ್ರಸಾರ ಮಾಡುತ್ತಾ ಬಂದಿದೆ. ಚೀನಾ ಅದರ ಮೇಲೆಯೇ ತನ್ನ ಕಾರ್ಯಕ್ರಮ ಹಾಕಿ ಮುಚ್ಚುತ್ತದೆ, ಅವರು ಕೆಲವು ಕಿಲೋಹರ್ಟ್ಸ್ ಆಚೆ ಸರಿಯುತ್ತಾರೆ, ಮುಚ್ಚುವ ದನಿ ಹಿಂದೆಯೇ ಬರುತ್ತದೆ. ಎರಡು ದನಿ ಒಂದರ ಮೇಲೊಂದು ಬಿದ್ದು ಹೊಡೆದಾಡುವುದನ್ನು ಕೇಳುವಾಗ ನನಗೆ ಬೇಸರವಾಗುತ್ತದೆ. ಆದರೂ ಕೇಳಬೇಕು. ಶಾರ್ಟ್‌ವೇವ್ ಇನ್ನೂ ಯಾರಿಗೆ ಬೇಕು ಎಂದು ಕೇಳುವವರಿಗೆ ಉತ್ತರ ಅಲ್ಲಿದೆ.

ಹೊಸದೇನೋ ಸಿಕ್ಕಿತು ಅನ್ನಿಸಿದಾಗ

ಮೊದಲು ತಂತಿ ಕಿತ್ತು ಕೇಳಿ. ಸದ್ದು ಹಾಗೇ ಇದ್ದರೆ ಅದು ರೇಡಿಯೋದ ಒಳಗಿನದ್ದು ಅಥವಾ ಪಕ್ಕದಲ್ಲೇ ಇರುವುದು. ತಂತಿ ಹಾಕಿ, ಲೋಕಲ್‌ಗೆ ಇಡಿ. ನಿಜವಾದ ಸಿಗ್ನಲ್ ಸ್ವಲ್ಪ ಇಳಿಯುತ್ತದೆ. ಜೋರಾದ ಸ್ಟೇಷನ್ನುಗಳು ಕಲಸಿ ಹುಟ್ಟಿದ ಸುಳ್ಳು ಸಿಗ್ನಲ್ ಪೂರ್ತಿ ಮಾಯವಾಗುತ್ತದೆ. ಹಳೇ ಸೆಟ್ಟುಗಳಲ್ಲಿ ಒಂದೇ ಸ್ಟೇಷನ್ 910 ಕಿಲೋಹರ್ಟ್ಸ್ ಅಂತರದಲ್ಲಿ ಇನ್ನೊಮ್ಮೆ ಕಾಣಿಸಿಕೊಳ್ಳುತ್ತದೆ, ಅದನ್ನೂ ನೋಡಿ. ಆಮೇಲೆ ದನಿ ಏರಿಳಿಯುತ್ತದಾ ಗಮನಿಸಿ. ದೂರದ ಅಲೆ ಉಸಿರಾಡಿದ ಹಾಗೆ ಏರುತ್ತದೆ, ಇಳಿಯುತ್ತದೆ. ಬೇಲಿ, ಬಲ್ಬು ಹಾಗೆ ಮಾಡುವುದಿಲ್ಲ.

ಇಷ್ಟಾದ ಮೇಲೂ ಉಳಿದರೆ, ಅದೇ ಫ್ರೀಕ್ವೆನ್ಸಿಯನ್ನು ಬೇರೆ ದೇಶದ ಎರಡು ಮೂರು ಕಿವಿಎಸ್‌ಡಿಆರ್‌ಗಳಲ್ಲಿ ತೆರೆಯಿರಿ. ಅಲ್ಲೂ ಕೇಳಿದರೆ ಅದು ನಿಜವಾಗಿ ಆಕಾಶದಿಂದ ಬಂದದ್ದು. ಎಲ್ಲಿ ಹೆಚ್ಚು ಜೋರು ಎಂದು ನೋಡಿದರೆ ದಿಕ್ಕಿನ ಅಂದಾಜೂ ಸಿಗುತ್ತದೆ.

ನೋಟ್‌ಬುಕ್ಕಿನಲ್ಲಿ ಆಗಲೇ ಬರೆಯಿರಿ: ತಾರೀಖು, ಯುಟಿಸಿ ಸಮಯ, ಫ್ರೀಕ್ವೆನ್ಸಿ, ಮೋಡ್, ಏನು ಕೇಳಿತು, ಹವಾಮಾನ, ಕರೆಂಟು ಇತ್ತಾ ಇಲ್ಲವಾ. ಕೇಳಿದ್ದನ್ನು ಮಾತ್ರ ಬರೆಯಿರಿ, ಊಹೆಯನ್ನು ಬೇರೆ ಸಾಲಿನಲ್ಲಿ. 'ಗೂಢಚಾರರ ಸ್ಟೇಷನ್' ಎಂದು ಬರೆದರೆ ನಾಳೆ ಯಾರಿಗೂ ಉಪಯೋಗವಿಲ್ಲ. 'ಹೆಣ್ಣುದನಿ, ನಾಲ್ಕಂಕಿಯ ಗುಂಪು, 12:00ಕ್ಕೆ ಶುರು' ಎಂದು ಬರೆದರೆ ಇನ್ನೊಬ್ಬ ಕೇಳುಗ ತನ್ನ ಪುಸ್ತಕದ ಜೊತೆ ಹೋಲಿಸಬಹುದು. ಇಷ್ಟು ವರ್ಷದ ಪಟ್ಟಿಗಳೆಲ್ಲ ಹೀಗೇ ಸೇರಿದ್ದು.

ಕಾನೂನಿನ ಮಾತು ಚಿಕ್ಕದು. ಒಂದು ಕಾಲಕ್ಕೆ ರೇಡಿಯೋ ಇಟ್ಟುಕೊಳ್ಳಲು ಪೋಸ್ಟಾಫೀಸಿನಲ್ಲಿ ವರ್ಷಕ್ಕೊಮ್ಮೆ ಲೈಸೆನ್ಸ್ ದುಡ್ಡು ಕಟ್ಟಬೇಕಿತ್ತು. 1980ರ ದಶಕದಲ್ಲಿ ಅದು ಹೋಯಿತು. ಪ್ರಸಾರ ಕೇಳಲು ಈಗ ಲೈಸೆನ್ಸ್ ಬೇಡ. ಆದರೆ ಮಾತಾಡಲು, ಅಂದರೆ ಸಿಗ್ನಲ್ ಕಳಿಸಲು, ಕೇಂದ್ರದ ಪರೀಕ್ಷೆ ಬರೆದು ಹ್ಯಾಮ್ ಲೈಸೆನ್ಸ್ ಪಡೆಯಲೇಬೇಕು. ನಮ್ಮ ಪೊಲೀಸ್, ಸೈನ್ಯ, ವಿಮಾನದವರ ಮಾತು ಕಿವಿಗೆ ಬಿದ್ದರೆ ಅದನ್ನು ರೆಕಾರ್ಡ್ ಮಾಡಿ ವಾಟ್ಸಾಪಿನಲ್ಲಿ ಹಂಚಬೇಡಿ. ಅದು ನಮಗಾಗಿ ಹೇಳಿದ ಮಾತಲ್ಲ.

ಮಳೆಗಾಲಕ್ಕೆ

ಜೂನ್ ಬಂತೆಂದರೆ ಗೋಡೆಗೂ ಬೂಷ್ಟು ಬರುವ ಊರು ನಮ್ಮದು. ರೇಡಿಯೋ ಬಳಸದ ದಿನಗಳಲ್ಲಿ ಬ್ಯಾಟರಿ ಹೊರಗೆ ತೆಗೆದು, ರೇಡಿಯೋವನ್ನು ಬಿಗಿ ಮುಚ್ಚಳದ ಡಬ್ಬದಲ್ಲಿ ಸಿಲಿಕಾ ಜೆಲ್ ಪೊಟ್ಟಣದ ಜೊತೆ ಇಡಿ. ಪೊಟ್ಟಣವನ್ನು ಎರಡು ವಾರಕ್ಕೊಮ್ಮೆ ಒಲೆಯ ಹತ್ತಿರ ಒಣಗಿಸಿ. ಆಂಟೆನಾ ತಂತಿ ರೇಡಿಯೋಗೆ ಸೇರುವ ತುದಿಯನ್ನು ಮರಳು ಕಾಗದದಿಂದ ಉಜ್ಜಿ, ತಾಮ್ರ ಹಸಿರು ಹಿಡಿಯದಂತೆ ಟೇಪು ಸುತ್ತಿ. ನೈಲಾನ್ ಹಗ್ಗ ಸೆಪ್ಟೆಂಬರಿನಲ್ಲಿ ಒಮ್ಮೆ ನೋಡಿ, ಸವೆದಿದ್ದರೆ ಬದಲಾಯಿಸಿ. ಅಕ್ಟೋಬರ್ ಹೊತ್ತಿಗೆ ತಂತಿ ಮತ್ತೆ ಕಟ್ಟಿ ಸಿದ್ಧವಾಗಿರಲಿ. ಮಾಸ್ಕೋದಲ್ಲಿ ಆಗ ಬೇಗ ಕತ್ತಲಾಗಲು ಶುರುವಾಗಿರುತ್ತದೆ.